ಯಾವ ವಾರ ಹುಟ್ಟಿದ್ದು? ಘಾನಾದಲ್ಲಿ ಒಂದು ವಾರ

ಭಾನುವಾರ, ತೆಮಾ

ಪೀತಜ್ವರದ ಚುಚ್ಚುಮದ್ದು ಹಾಕಿಸಿಕೊಂಡ ಹಳದಿ ಪುಸ್ತಿಕೆಯನ್ನು ಕೈಚೀಲದಲ್ಲಿ ಇಟ್ಟುಕೊಳ್ಳಬೇಕಿತ್ತು. ನಾನು ಜಾಣತನ ಮಾಡಿ ದೊಡ್ಡ ಪೆಟ್ಟಿಗೆಯ ತಳದಲ್ಲಿ, ಅಮ್ಮ ಕಟ್ಟಿಕೊಟ್ಟ ಹಲಸಿನ ಹಪ್ಪಳದ ಕೆಳಗೆ ಇಟ್ಟಿದ್ದೆ. ಅಕ್ರಾ ವಿಮಾನ ನಿಲ್ದಾಣದಲ್ಲಿ ಅದನ್ನು ನೋಡದೆ ಯಾರನ್ನೂ ಒಳಗೆ ಬಿಡುವುದಿಲ್ಲ. ಪೆಟ್ಟಿಗೆ ಬರುವವರೆಗೆ ಬೆಂಚಿನ ಮೇಲೆ ಕೂರಿಸಿದರು. ಪಕ್ಕದಲ್ಲಿ ಕುಳಿತಿದ್ದ ಆರೋಗ್ಯ ಸಿಬ್ಬಂದಿಯ ಹೆಂಗಸು ಹೊತ್ತು ಕಳೆಯಲೆಂದೋ ಏನೋ ನನ್ನನ್ನು ಕೇಳಿದಳು: "ನೀವು ಯಾವ ವಾರ ಹುಟ್ಟಿದ್ದು?"

ನನಗೆ ತಾರೀಕು ಗೊತ್ತು, ನಕ್ಷತ್ರ ಗೊತ್ತು, ವಾರ ಗೊತ್ತಿಲ್ಲ. ಅವಳು ಅಯ್ಯೋ ಪಾಪ ಎಂಬಂತೆ ನೋಡಿದಳು.

ಅಕ್ಕನ ಮನೆ ಇರುವುದು ಅಕ್ರಾದಿಂದ ಪೂರ್ವಕ್ಕೆ, ಬಂದರು ಪಟ್ಟಣವಾದ ತೆಮಾದಲ್ಲಿ. ಭಾವ ಅಲ್ಲಿನ ಒಂದು ಕಾರ್ಖಾನೆಯಲ್ಲಿ ಹದಿನೈದು ವರ್ಷಗಳಿಂದ ಇದ್ದಾರೆ. ರಾತ್ರಿ ಪುತ್ತೂರಿಗೆ ಫೋನ್ ಮಾಡಿ ಅಮ್ಮನನ್ನು ಕೇಳಿದೆ. "ಶುಕ್ರವಾರ, ದೀಪ ಹಚ್ಚುವ ಹೊತ್ತು" ಎಂದರು. ಹದಿಮೂರು ವರ್ಷದ ಸೋದರಳಿಯ ಪಕ್ಕದಿಂದ ಕೂಗಿದ: "ಹಾಗಾದರೆ ಮಾವ ಕೋಫಿ!"

"ಕಾಫಿಯೇ? ಈ ಹೊತ್ತಿನಲ್ಲಿ ಯಾಕೆ ಕಾಫಿ?" ಎಂದರು ಅಮ್ಮ ಆ ಕಡೆಯಿಂದ.

ಇಲ್ಲಿನ ಅತಿ ದೊಡ್ಡ ಜನಸಮುದಾಯವಾದ ಅಕಾನ್ ಜನರಲ್ಲಿ ಹುಟ್ಟಿದ ವಾರವೇ ಮಗುವಿನ ಮೊದಲ ಹೆಸರು. ಗಂಡಾದರೆ ಭಾನುವಾರಕ್ಕೆ ಕ್ವಾಸಿ, ಸೋಮವಾರಕ್ಕೆ ಕೋಜೊ, ಮಂಗಳವಾರಕ್ಕೆ ಕ್ವಾಬೆನಾ, ಬುಧವಾರಕ್ಕೆ ಕ್ವಾಕು, ಗುರುವಾರಕ್ಕೆ ಯಾವ್, ಶುಕ್ರವಾರಕ್ಕೆ ಕೋಫಿ, ಶನಿವಾರಕ್ಕೆ ಕ್ವಾಮೆ. ಕೋಫಿ ಅನ್ನಾನ್ ಶುಕ್ರವಾರದವರು, ಘಾನಾದ ಮೊದಲ ಅಧ್ಯಕ್ಷ ಕ್ವಾಮೆ ಎನ್ಕ್ರುಮಾ ಶನಿವಾರದವರು. ನಾನು ಇದನ್ನು ಎಲ್ಲೋ ಕೇಳಿದ್ದೇನೆ ಅನ್ನಿಸಿತು. ಎಲ್ಲಿ ಎಂದು ಹೊಳೆಯುವ ಮೊದಲೇ ನಿದ್ದೆ ಬಂತು.

ಸೋಮವಾರ, ಹೆದ್ದಾರಿಯ ಎರಡು ಬದಿ

ಜನವರಿಯ ಮೊದಲ ವಾರ. ಹರ್ಮಟಾನ್ ಬೀಸುವ ಕಾಲ. ಸಹಾರಾ ಕಡೆಯಿಂದ ಬರುವ ಒಣಗಾಳಿ ನುಣ್ಣನೆಯ ಧೂಳನ್ನು ಹೊತ್ತು ತರುತ್ತದೆ. ಸೂರ್ಯ ಅಕ್ಕಿರೊಟ್ಟಿಯ ಹಾಗೆ ಬಿಳಿಚಿಕೊಂಡಿರುತ್ತಾನೆ, ಕಣ್ಣಿಟ್ಟು ನೋಡಬಹುದು. ಬೆಳಗಾಗುವಷ್ಟರಲ್ಲಿ ನನ್ನ ತುಟಿ ಸೀಳಿತ್ತು. ಅಕ್ಕ ಒಂದು ಡಬ್ಬಿ ಎನ್ಕುಟೊ, ಅಂದರೆ ಶಿಯಾ ಮರದ ಬೀಜದ ಬೆಣ್ಣೆ, ಕೈಗಿತ್ತಳು. ಈ ಕಾಲದಲ್ಲಿ ಬರುವವರು ಊರಿನಿಂದ ಏನೇನೋ ಮುಲಾಮು ಹೊರುವುದು ದಂಡ. ಇಲ್ಲಿನ ಸಂತೆಯಲ್ಲಿ ಅಳೆದು ಕೊಡುವ ಈ ಬೆಣ್ಣೆಯ ಮುಂದೆ ಅವೆಲ್ಲ ನಿಲ್ಲುವುದಿಲ್ಲ.

ತೆಮಾ ನಕ್ಷೆ ಹಾಕಿ ಕಟ್ಟಿದ ಊರು. ಎನ್ಕ್ರುಮಾ ಕಾಲದಲ್ಲಿ ಬಂದರಿನ ಜೊತೆಗೆ ಎದ್ದು ನಿಂತಿತು, ಬಂದರು ಉದ್ಘಾಟನೆಯಾದದ್ದು 1962ರಲ್ಲಿ. ಬಡಾವಣೆಗಳಿಗೆ ಹೆಸರಿಲ್ಲ, ಕಮ್ಯುನಿಟಿ ಒಂದು, ಎರಡು, ಒಂಬತ್ತು ಎಂದು ಅಂಕಿಗಳಷ್ಟೇ. ಗ್ರೀನಿಚ್ ರೇಖೆ ಊರಿನ ನಡುವೆಯೇ ಹಾದುಹೋಗುತ್ತದೆ. ಈ ಊರನ್ನು ಕಟ್ಟಲು ಬಂದ ಕೂಲಿಗಳು ನಕ್ಷೆಯ ಹೊರಗೆ, ಹೆದ್ದಾರಿಯ ಆಚೆ ಬದಿಯಲ್ಲಿ, ತಗಡು ಹಲಗೆ ಸಿಕ್ಕಿದ್ದರಲ್ಲಿ ಮನೆ ಹಾಕಿಕೊಂಡರು. ಅದು ಅಶೈಮಾನ್. ಉತ್ತರದವರು, ಪೂರ್ವದ ಎವೆಗಳು, ದಗೊಂಬರು, ಹೌಸಾ ಮಾತಿನವರು, ಎಲ್ಲರೂ ಒಂದೇ ನಲ್ಲಿಯ ಮುಂದೆ ನಿಲ್ಲುವ ಊರು.

ಅಳಿಯನ ಕೋಣೆಯ ಗೋಡೆಯ ಮೇಲೆ ಇಬ್ಬರ ಚಿತ್ರ. ಒಬ್ಬ ಸಾರ್ಕೋಡಿ, ತೆಮಾದವನು, ಅಕಾನರ ಟ್ವಿ ಭಾಷೆಯಲ್ಲಿ ಉಸಿರು ಬಿಡದೆ ರ‍್ಯಾಪ್ ಮಾಡುವವನು. ಇನ್ನೊಬ್ಬ ಸ್ಟೋನ್‌ಬಾಯ್, ಅಶೈಮಾನ್‌ನವನು, ಡ್ಯಾನ್ಸ್‌ಹಾಲ್ ಎಂಬ ಜಮೈಕಾ ಶೈಲಿಯ ಹಾಡಿನ ಗಾಯಕ, ಮನೆಮಾತು ಎವೆ. ಇವರಿಬ್ಬರೂ ಸೇರಿ ಹಾಡಿದ 'ಬಾಫಿರಾ' ಎಂಬ ಹಾಡು ಸುಮಾರು ಹತ್ತು ವರ್ಷ ಹಳೆಯದು. ಹುಡುಗ ಮೂರು ವರ್ಷದವನಿದ್ದಾಗಿನ ಹಾಡು, ಆದರೆ ಅವನಿಗೆ ಅದು ನಿನ್ನೆಯದು.

"ಮಾವ, ಇದು ಹೆದ್ದಾರಿಯ ಈ ಬದಿ ಮತ್ತು ಆ ಬದಿ ಸೇರಿ ಹಾಡಿದ್ದು" ಎಂದ. ಮಗುವಿನ ಬಾಯಿಂದ ಬಂದ ಈ ಒಂದು ಮಾತಿಗಿಂತ ಹೆಚ್ಚಿನದನ್ನು ನಾನು ವಾರವಿಡೀ ಕಲಿತೆನೆಂದು ಹೇಳಲಾರೆ.

ಟ್ರೋಟ್ರೋ ಹತ್ತಿ ಅಶೈಮಾನ್‌ಗೆ ಹೋದೆವು. ನಮ್ಮ ಕಡೆಯ ಮ್ಯಾಕ್ಸಿಕ್ಯಾಬ್‌ನಂಥ ಗಾಡಿ. ಬಾಗಿಲಲ್ಲಿ ನೇತಾಡುವ ಹುಡುಗನನ್ನು 'ಮೇಟ್' ಎನ್ನುತ್ತಾರೆ. ಬಲಗೈಯಲ್ಲಿ ಎಲೆಯಲ್ಲಿ ಕಟ್ಟಿದ ವಾಚೆ ಇದ್ದುದರಿಂದ ಮೇಟ್‌ಗೆ ಎಡಗೈಯಲ್ಲಿ ಹಣ ಚಾಚಿದೆ. ಅವನು ಮುಟ್ಟಲಿಲ್ಲ. ಹಿಂದಿನ ಸೀಟಿನ ಅಜ್ಜಿ ಲೊಚಗುಟ್ಟಿದಳು. ಎಡಗೈಯಲ್ಲಿ ಕೊಡಬಾರದು ಎಂಬುದು ನಮಗೇನೂ ಹೊಸತಲ್ಲ. ಪರದೇಶದಲ್ಲಿ ಯಾರು ನೋಡುತ್ತಾರೆ ಎಂಬ ಉಡಾಫೆಯಷ್ಟೇ. ವಾಚೆಯನ್ನು ತೊಡೆಯ ಮೇಲಿಟ್ಟು ಬಲಗೈಯಲ್ಲಿ ಕೊಟ್ಟೆ, ಅಜ್ಜಿ ಶಾಂತಳಾದಳು. ವಾಚೆ ಎಂದರೆ ಅಲಸಂದೆಯ ಜೊತೆ ಬೇಯಿಸಿದ ಅನ್ನ. ಜೋಳದ ಒಣ ಎಲೆ ಹಾಕಿ ಕುದಿಸುವುದರಿಂದ ಕೆಂಗಂದು ಬಣ್ಣ. ಅದರ ಮೇಲೆ ಒಂದು ಚಮಚ ಶಿಟೊ: ಒಣಸೀಗಡಿ, ಒಣಮೀನು, ಮೆಣಸನ್ನು ಎಣ್ಣೆಯಲ್ಲಿ ಕಪ್ಪಾಗುವವರೆಗೆ ಕಾಯಿಸಿದ್ದು. ನಮ್ಮ ಕರಾವಳಿಯ ಸೀಗಡಿ ಚಟ್ನಿ ತಿಂದು ಬೆಳೆದ ನಾಲಿಗೆಗೆ ಪರಿಚಯ ಮಾಡಿಸಬೇಕಾಗಿಲ್ಲ.

ಅಶೈಮಾನ್ ಮಾರುಕಟ್ಟೆಯಲ್ಲಿ ನಾಲ್ಕು ಅಂಗಡಿಗೊಂದು ಸ್ಪೀಕರ್. ಗೋಡೆಗಳ ಮೇಲೆ ಡಿಸೆಂಬರಿನ ಸಂಗೀತ ಕಾರ್ಯಕ್ರಮಗಳ ಪೋಸ್ಟರುಗಳು ಧೂಳು ಹಿಡಿದು ಇನ್ನೂ ಉಳಿದಿದ್ದವು. ಚಪ್ಪಲಿ ಮಾರುವವನೊಬ್ಬನನ್ನು ಅಳಿಯ ಟ್ವಿಯಲ್ಲಿ ಮಾತನಾಡಿಸಿದ. ಇಲ್ಲಿ ಇಷ್ಟೊಂದು ಭಾಷೆಗಳಿರುವಾಗ ಜಮೈಕಾದ ಆಡುಮಾತಾದ ಪಟ್ವಾದಲ್ಲಿ ಯಾಕೆ ಹಾಡುತ್ತೀರಿ ಎಂದು ನಾನು ಕೇಳಿಸಿದೆ. ಅವನು ಚಪ್ಪಲಿಯ ಅಟ್ಟೆಗೆ ಅಂಟು ಬಳಿಯುತ್ತಲೇ ಹೇಳಿದ: "ಟ್ವಿಯಲ್ಲಿ ಹಾಡಿದರೆ ಅಶಾಂಟಿಯದು, ಎವೆಯಲ್ಲಿ ಹಾಡಿದರೆ ವೋಲ್ಟಾದ್ದು. ಪಟ್ವಾ ಇಲ್ಲಿ ಯಾರಪ್ಪನದೂ ಅಲ್ಲ. ಅದಕ್ಕೇ ಎಲ್ಲರದೂ."

ಸಂಜೆ ಕರೆಂಟು ಹೋಯಿತು. ಇದಕ್ಕೆ ಇಲ್ಲಿ 'ದುಮ್ಸೊ' ಎಂಬ ಹೆಸರೇ ಇದೆ: ದುಮ್ ಎಂದರೆ ಆರಿಸು, ಸೊ ಎಂದರೆ ಹಚ್ಚು. ಅಕ್ಕ ಊರಿನಿಂದ ತಂದಿದ್ದ ಅಡಿಕೆ ಹಾಳೆಯ ಬೀಸಣಿಗೆ ತೆಗೆದಳು. ಅಳಿಯ ಅದನ್ನು ಕಸಿದುಕೊಂಡು ನನಗೊಂದು ಪಾಠ ಮಾಡಿದ. ಟ್ವಿಯಲ್ಲಿ ದನಿಯ ಏರಿಳಿತವೇ ಅರ್ಥ. 'ಪಾಪಾ' ಎಂದು ಎರಡೂ ಅಕ್ಷರ ಮೇಲೆತ್ತಿ ಹೇಳಿದರೆ ಒಳ್ಳೆಯದು. ಮೊದಲನೆಯದನ್ನು ಇಳಿಸಿ ಎರಡನೆಯದನ್ನು ಎತ್ತಿದರೆ ಅಪ್ಪ. ಎರಡನ್ನೂ ಇಳಿಸಿದರೆ ಬೀಸಣಿಗೆ. ಕತ್ತಲಲ್ಲಿ ಭಾವನ ಕಡೆ, ನನ್ನ ಕಡೆ, ಬೀಸಣಿಗೆಯ ಕಡೆ ತಿರುಗುತ್ತ ಅವನು ಪಾಪಾ ಪಾಪಾ ಪಾಪಾ ಎಂದು ತಾಳ ಹಾಕಿದ. ನಾನು ಹತ್ತು ಸಲ ಪ್ರಯತ್ನಿಸಿ ಭಾವನನ್ನು ಹತ್ತು ಸಲವೂ ಬೀಸಣಿಗೆ ಮಾಡಿದೆ.

ಆಗ ಅರ್ಥವಾದದ್ದು: ಈ ಭಾಷೆಯಲ್ಲಿ ರ‍್ಯಾಪ್ ಮಾಡುವುದೆಂದರೆ ಪದಗಳನ್ನು ತಾಳಕ್ಕೆ ತುರುಕುವುದಲ್ಲ. ಪದದೊಳಗೆ ಆಗಲೇ ಒಂದು ರಾಗವಿದೆ, ಅದು ಕೆಡದಂತೆ ಓಡಬೇಕು. 1990ರ ದಶಕದಲ್ಲಿ ರೆಗ್ಗಿ ರಾಕ್‌ಸ್ಟೋನ್ ಟ್ವಿಯಲ್ಲಿ ರ‍್ಯಾಪ್ ಮಾಡತೊಡಗಿದಾಗ ಘಾನಾದ ಹಳೆಯ ಹೈಲೈಫ್ ಸಂಗೀತವೂ ಹಿಪ್‌ಹಾಪ್ ಕೂಡ ಬೆರೆತು 'ಹಿಪ್‌ಲೈಫ್' ಆಯಿತು. ಅಲ್ಲಿಯವರೆಗೆ ರ‍್ಯಾಪ್ ಎಂದರೆ ಅಮೆರಿಕನ್ನರ ಉಚ್ಚಾರಣೆಯ ಅನುಕರಣೆ.

ಅಳಿಯನ ಶಾಲೆಯಲ್ಲಿ ಟ್ವಿ ಮಾತನಾಡಿದರೆ ದಂಡವಂತೆ. ಮನೆಯಲ್ಲಿ ಅಕ್ಕನಿಗೂ ಇಷ್ಟವಿಲ್ಲ. ಅವಳ ತಕರಾರು ಭಾಷೆಯ ಮೇಲಲ್ಲ ಎನ್ನುತ್ತಾಳೆ, ಹಾಡಿನ ಮೇಲೆ. ಸಾರ್ಕೋಡಿ ಮತ್ತು ಡ್ಯಾನ್ಸ್‌ಹಾಲ್‌ನ ಇನ್ನೊಬ್ಬ ದೊಡ್ಡ ಹೆಸರಾದ ಶಟ್ಟಾ ವಾಲೆ ಸೇರಿ ಹಾಡಿದ 'ಮೆಜೆ ವೊ ಗರ್ಲ್' ಅವನ ಬಾಯಲ್ಲಿ ಸದಾ ಇರುತ್ತದೆ. ಹಾಗೆಂದರೇನು ಎಂದು ಅವಳು ಕೇಳಿದ್ದಕ್ಕೆ "ನಿನ್ನ ಹುಡುಗಿಯನ್ನು ಕ್ಷೇಮವಾಗಿ ಮನೆಗೆ ಬಿಡುತ್ತೇನೆ" ಎಂದು ಅನುವಾದಿಸಿದ್ದನಂತೆ. ನಿಜವಾದ ಅರ್ಥ ಭಾವನಿಗೆ ಕಾರ್ಖಾನೆಯ ಡ್ರೈವರ್ ಹೇಳಿದ. ನಿನ್ನ ಹುಡುಗಿಯನ್ನು ಕಸಿದುಕೊಳ್ಳುತ್ತೇನೆ ಎಂದು.

ಮಂಗಳವಾರ, ಜೇಮ್ಸ್‌ಟೌನ್

ಅಕ್ರಾದ ಹಳೆಯ ಭಾಗ. ಬಣ್ಣ ಬಳಿದ ದೀಪಸ್ತಂಭ, ಹಳೆಯ ಕೋಟೆಗಳು, ಪಕ್ಕದ ಬುಕೊಮ್‌ನಲ್ಲಿ ಬಾಕ್ಸಿಂಗ್ ಗರಡಿಗಳು. ಕಡಲಿಗೆ ಇಳಿದರೆ ದೋಣಿಗಳೆಲ್ಲ ದಡದಲ್ಲಿ. ಮಂಗಳವಾರ ಇಲ್ಲಿನ ಗಾ ಜನ ಮೀನಿಗೆ ಹೋಗುವುದಿಲ್ಲ, ಅದು ಸಮುದ್ರದ ವಿಶ್ರಾಂತಿಯ ದಿನ. ಮೀನು ತಿನ್ನಬೇಕೆಂದು ಬರುವವರು ಬೇರೆ ದಿನ ನೋಡಿಕೊಳ್ಳಬೇಕು. ಮಾತು ಬೇಕೆಂದು ಬರುವವರಿಗೆ ಮಂಗಳವಾರದಷ್ಟು ಒಳ್ಳೆಯ ದಿನ ಇನ್ನೊಂದಿಲ್ಲ.

ಬಲೆ ಹೆಣೆಯುತ್ತಿದ್ದ ಹಿರಿಯರೊಬ್ಬರು ಕೂರಲು ಮಗುಚಿದ ಬಕೆಟ್ ಕೊಟ್ಟರು. ಜೋಳದ ಸಿಪ್ಪೆಯಲ್ಲಿ ಸುತ್ತಿದ ಕೆಂಕಿಯನ್ನು ಹಂಚಿಕೊಂಡರು. ಮೆಕ್ಕೆಜೋಳದ ಹುಳಿ ಹಿಟ್ಟಿನ ಕಡುಬು ಅದು. ಎಲೆ ಬಿಚ್ಚುವಾಗ ಬರುವ ಹಬೆಯಲ್ಲಿ ನನಗೆ ಮೂಡೆಯ ನೆನಪು. ನಾನು ಕಲಿತ ಒಂದೇ ಪದ ಹೇಳಿದೆ: ಮೆದಾಸೆ, ಧನ್ಯವಾದ.

ಅವರ ಕೈ ನಿಂತಿತು. "ಅದು ಟ್ವಿ. ಇದು ಗಾ ನೆಲ. ಇಲ್ಲಿ ಓಯಿವಾಲಾದೊನ್ ಎನ್ನಬೇಕು."

ಮತ್ತೆ ಅರ್ಧ ಗಂಟೆ ಬಿಡಲಿಲ್ಲ. ರೇಡಿಯೊದಲ್ಲಿ ಟ್ವಿ, ಟ್ರೋಟ್ರೋದಲ್ಲಿ ಟ್ವಿ, ಚರ್ಚಿನಲ್ಲಿ ಟ್ವಿ, ಮೊಮ್ಮಕ್ಕಳು ಕನಸು ಕಾಣುವುದೂ ಟ್ವಿಯಲ್ಲಿ ಎಂದರು. ಅಕ್ರಾ ಗಾ ಜನರ ಊರು, ಆದರೆ ಅಲ್ಲಿ ಗಾ ಮಾತೇ ಒತ್ತರಿಸಿಕೊಂಡು ಮೂಲೆ ಸೇರಿದೆ. ಶಟ್ಟಾ ವಾಲೆಯೂ ಗಾ ಹುಡುಗನೇ ಎಂಬುದು ಅವರ ಮುಖ್ಯ ಅಂಶ. ಅವನಿಗೆ ಬಂಡಾನಾ ಎಂಬ ಹೆಸರಿದ್ದ ಕಾಲದಲ್ಲಿ, 2004ರಲ್ಲಿ, ಗಾ ಭಾಷೆಯ ರ‍್ಯಾಪರ್ ಟಿನ್ನಿಯ ಜೊತೆ ಹಾಡಿದ 'ಮೊಕೊ ಹೂ' ಅವರಿಗೆ ಇವತ್ತಿಗೂ ಬಾಯಿಪಾಠ. "ಆಮೇಲೆ ಟ್ವಿಯವರ ಜೊತೆ ಸೇರಿದ, ದೊಡ್ಡವನಾದ. ಸೇರದಿದ್ದರೆ ದೊಡ್ಡವನಾಗುತ್ತಿದ್ದನೇ? ನನಗೆ ಸಿಟ್ಟಿರುವುದು ಅವನ ಮೇಲಲ್ಲ" ಎಂದು ಬಲೆಯ ಗಂಟನ್ನು ಹಲ್ಲಿನಿಂದ ಬಿಗಿದರು.

ನಾನು ಸುಮ್ಮನೆ ಕೆಂಕಿ ನುಂಗಿದೆ. ಮನೆಯಲ್ಲಿ ತುಳು ಮಾತನಾಡಿ, ಬರೆಯುವುದಕ್ಕೆ ಕೂತರೆ ಕನ್ನಡ ಹಿಡಿಯುವವನು ನಾನು. ಶಾಲೆಯಲ್ಲಿ ಇಂಗ್ಲಿಷಿನ ಎದುರು ಕನ್ನಡ ಬಡವ, ಕನ್ನಡದ ಎದುರು ತುಳು. ಟ್ವಿಯೂ ಹಾಗೆಯೇ. ಶಾಲೆಯ ಒಳಗೆ ದಂಡ ತೆರುವ ಭಾಷೆ, ಶಾಲೆಯ ಗೇಟು ದಾಟಿದರೆ ಜಮೀನುದಾರ. ಸಾರ್ಕೋಡಿಯ ಟ್ವಿಗೆ ಚಪ್ಪಾಳೆ ಹೊಡೆಯುವಾಗ ಈ ಎರಡನೆಯ ಮುಖ ನನಗೆ ಕಂಡಿರಲಿಲ್ಲ. ಅಶೈಮಾನ್‌ನ ಚಪ್ಪಲಿಯವನ ಮಾತಿನ ತೂಕ ತಿಳಿದದ್ದು ಇಲ್ಲಿ, ಮಗುಚಿದ ಬಕೆಟಿನ ಮೇಲೆ. ಎವೆ ಹುಡುಗನೋ ಗಾ ಹುಡುಗನೋ ಟ್ವಿಯ ಅಂಗಳಕ್ಕೆ ಹೋಗಿ ಹಾಡಿದರೆ ಅತಿಥಿ. ಪಟ್ವಾದ ಅಂಗಳದಲ್ಲಿ ಟ್ವಿಯವನೂ ಅತಿಥಿಯೇ.

ಬುಧವಾರ, ಕೇಪ್ ಕೋಸ್ಟ್ ದಾರಿ

ಭಾವ ರಜೆ ಹಾಕಿ ಕಾರು ತೆಗೆದರು. ಕಸೋವಾದಲ್ಲಿ ಒಂದೂವರೆ ಗಂಟೆ ಕದಲಲಿಲ್ಲ. ಬೆಳಗಿನ ಐದಕ್ಕೆ ಹೊರಡಿ ಎಂದು ಎಲ್ಲರೂ ಹೇಳಿದ್ದರು, ನಾವು ಇಡ್ಲಿ ತಿಂದು ಏಳಕ್ಕೆ ಹೊರಟಿದ್ದೆವು. ಆಮೇಲಿನ ದಾರಿ ಚೆನ್ನ. ಎಡಕ್ಕೆ ತೆಂಗು, ತೆಂಗಿನ ನಡುವೆ ಕಡಲು. ಧೂಳಿನ ಮಬ್ಬೊಂದನ್ನು ಬಿಟ್ಟರೆ ಥೇಟ್ ಮರವಂತೆ.

ಸಾಲ್ಟ್‌ಪಾಂಡ್ ದಾಟಿದ ಮೇಲೆ ಟೈರು ಪಂಕ್ಚರ್. ಇಲ್ಲಿ ಪಂಕ್ಚರ್ ಹಾಕುವವನಿಗೆ ವಲ್ಕನೈಜರ್ ಎನ್ನುತ್ತಾರೆ. ರಸ್ತೆ ಬದಿಯಲ್ಲಿ ನೆಟ್ಟ ಹಳೆಯ ಟೈರೇ ಅವನ ಬೋರ್ಡು. ಅವನು ಟ್ಯೂಬನ್ನು ನೀರಿಗೆ ಅದ್ದಿ ಗುಳ್ಳೆ ಹುಡುಕುತ್ತಿರುವಾಗ ಅವನ ಫೋನಿನಿಂದ ಬಂದದ್ದು, ಬೇರೆ ಯಾವುದೂ ಅಲ್ಲ, ಬಾಫಿರಾ. ಅಳಿಯ ಕುಣಿದಾಡಿಬಿಟ್ಟ. ಇಬ್ಬರಿಗೂ ಜಗಳವೇ ಹತ್ತಿತು. ಹಾಡನ್ನು ಗೆದ್ದವನು ಸಾರ್ಕೋಡಿ ಎಂದು ಅಳಿಯ, ಸ್ಟೋನ್‌ಬಾಯ್ ಎಂದು ವಲ್ಕನೈಜರ್. ಇಬ್ಬರು ಸೇರಿ ಹಾಡುವುದು ಗೆಲ್ಲುವುದಕ್ಕೇ ಎಂದು ಆಗ ತಿಳಿಯಿತು. ನಮ್ಮಲ್ಲಿ ತೆಂಕು ಬಡಗು ಭಾಗವತರನ್ನು ಒಂದೇ ರಂಗಸ್ಥಳದಲ್ಲಿ ಕೂರಿಸಿದಾಗ ನಡುರಾತ್ರಿ ಚಹಾದಂಗಡಿಯಲ್ಲಿ ನಡೆಯುವ ತರ್ಕದ ಹಾಗೆಯೇ ಇತ್ತು. ಡ್ಯಾನ್ಸ್‌ಹಾಲ್‌ನಲ್ಲಂತೂ ಬಣಗಳು ಬಲು ಖಾರ. 2019ರ ಘಾನಾ ಸಂಗೀತ ಪ್ರಶಸ್ತಿ ಸಮಾರಂಭದಲ್ಲಿ ಸ್ಟೋನ್‌ಬಾಯ್ ಮತ್ತು ಶಟ್ಟಾ ವಾಲೆ ಕಡೆಯವರ ನಡುವೆ ವೇದಿಕೆಯ ಮೇಲೆಯೇ ಘರ್ಷಣೆಯಾಗಿ ಇಬ್ಬರನ್ನೂ ಪ್ರಶಸ್ತಿಯಿಂದ ಹೊರಗಿಟ್ಟಿದ್ದರು. ವಲ್ಕನೈಜರ್‌ಗೆ ಅದು ಕುರುಕ್ಷೇತ್ರದಷ್ಟು ದೊಡ್ಡ ವಿಷಯ.

ತೇಪೆ ಒಣಗುವಷ್ಟರಲ್ಲಿ ಅವನು ಕೈ ತೋರಿಸಿದ. ಎದುರಿನ ಗುಡ್ಡದ ಮೇಲೆ ಬೂದು ಬಣ್ಣದ ಹಾಳು ಕೋಟೆ, ಕೊರ್ಮಾಂಟಿನ್. ಹದಿನೇಳನೆಯ ಶತಮಾನದಲ್ಲಿ ಇಂಗ್ಲಿಷರು ಕಟ್ಟಿದ್ದು. ಈ ಕರಾವಳಿಯಿಂದ ಗುಲಾಮರಾಗಿ ಹಡಗು ಹತ್ತಿಸಿದ ಅಕಾನ್ ಜನರನ್ನು ಜಮೈಕಾದಲ್ಲಿ ಕರೆಯುತ್ತಿದ್ದುದೇ 'ಕೊರೊಮಾಂಟಿ' ಎಂದು. ಫೋನಿನಲ್ಲಿ ಜಮೈಕಾದ ಪಟ್ವಾ ಹಾಡುತ್ತಿತ್ತು, ಕಣ್ಣೆದುರು ಆ ಕೋಟೆ. ವಲ್ಕನೈಜರ್ ಮೊಬೈಲ್ ಮನಿಯಲ್ಲಿ ದುಡ್ಡು ಹಾಕಿಸಿಕೊಂಡು ಮುಂದಿನ ಗಿರಾಕಿಯ ಕಡೆ ನಡೆದ.

ಕೇಪ್ ಕೋಸ್ಟ್ ಕೋಟೆಯಲ್ಲಿ ಗಂಡಸರನ್ನು ತುಂಬುತ್ತಿದ್ದ ನೆಲಮಾಳಿಗೆಯ ಮೇಲೆಯೇ ಪ್ರಾರ್ಥನಾ ಮಂದಿರ. ಅದರ ಬಗ್ಗೆ ಎಲ್ಲರೂ ಬರೆದಿದ್ದಾರೆ, ನಾನು ಬರೆಯುವುದಿಲ್ಲ. ನನ್ನನ್ನು ಹಿಡಿದು ನಿಲ್ಲಿಸಿದ್ದು ಮಾರ್ಗದರ್ಶಿ ಹೇಳಿದ ಹೆಸರುಗಳು. ಹಡಗಿಗೆ ಹತ್ತಿಸುವಾಗ ಬಟ್ಟೆ ಹೋಯಿತು, ಮನೆ ಹೋಯಿತು, ವಾರದ ಹೆಸರು ಮಾತ್ರ ಕೆಲವರಲ್ಲಿ ಉಳಿಯಿತು. ಜಮೈಕಾದ ಕಾಡು ಸೇರಿ ಹೋರಾಡಿ 1739ರಲ್ಲಿ ಬ್ರಿಟಿಷರನ್ನು ಒಪ್ಪಂದಕ್ಕೆ ಎಳೆದ ನಾಯಕನ ಹೆಸರು ಕಡ್ಜೊ, ಅಂದರೆ ಕೋಜೊ, ಸೋಮವಾರದವನು. ಅನಾನ್ಸೆ ಎಂಬ ಜಾಣ ಜೇಡನ ಕಥೆಗಳೂ ಜೊತೆಗೆ ಹೋದವು, ಇವತ್ತಿಗೂ ಅಲ್ಲಿನ ಅಜ್ಜಿಯರು ಅನಾನ್ಸಿ ಎಂದು ಹೇಳುತ್ತಾರೆ. ಗೂಬೆಗೆ ಟ್ವಿಯಲ್ಲಿ ಪಟು, ಜಮೈಕಾದಲ್ಲಿಯೂ ಪಟೂ. "ಆದರೆ ಕ್ವಾಸಿ ಎಂಬ ಹೆಸರು ಅಲ್ಲಿ ಕ್ವಾಶಿ ಆಯಿತು. ಯಜಮಾನರ ಬಾಯಲ್ಲಿ ಅದರ ಅರ್ಥ ದಡ್ಡ ಎಂದಾಯಿತು" ಎಂದ ಮಾರ್ಗದರ್ಶಿ.

ಆಗ ಹೊಳೆಯಿತು, ಭಾನುವಾರ ರಾತ್ರಿ ಹೊಳೆಯದೆ ಉಳಿದದ್ದು. ಐತ, ತೋಮ, ಅಂಗಾರ, ಬೂದ, ಗುರುವ, ತುಕ್ರ, ಚನಿಯ. ತುಳುವಿನಲ್ಲಿ ಐತಾರ, ಅಂದರೆ ಭಾನುವಾರ, ಹುಟ್ಟಿದವನು ಐತ, ಶುಕ್ರವಾರ ಹುಟ್ಟಿದವನು ತುಕ್ರ. ನಮ್ಮ ತೋಟದ ಕೆಲಸಕ್ಕೆ ಬರುತ್ತಿದ್ದವರ ಹೆಸರುಗಳು. ನಮ್ಮ ಮನೆಯ ಮಕ್ಕಳಿಗೆ ಪುರಾಣದ ಹೆಸರು, ಅಂಗಳದ ಆಚೆ ನಿಲ್ಲುವವರಿಗೆ ವಾರದ ಹೆಸರು. ತರಗತಿಯಲ್ಲಿ ಒಬ್ಬ ಹುಡುಗನ ಹೆಸರು ಕರೆದಾಗ ನಾವು ನಕ್ಕದ್ದು ನನಗೆ ನೆನಪಿದೆ. ಈಗಿನ ಮಕ್ಕಳಿಗೆ ಅವರ ಮನೆಗಳಲ್ಲಿಯೂ ಆ ಹೆಸರು ಇಡುವುದಿಲ್ಲ. ಯಾಕೆ ಇಡುತ್ತಾರೆ? ಕೇಳಿ ನಗುವವರು ನಾವೇ ಇದ್ದೆವಲ್ಲ. ಅದೇ ಲೆಕ್ಕದಲ್ಲಿ ನಾನು ತುಕ್ರ. ಇಲ್ಲಿ ಮಂತ್ರಿಯೂ ಕೋಫಿ, ಮೇಟ್‌ನೂ ಕೋಫಿ.

ಹಿಂದಿರುಗಿ ಬಾರದವರು ದಾಟಿದ ಬಾಗಿಲಿನ ಆಚೆ ಮೀನುಗಾರರ ಗದ್ದಲ. ಬಣ್ಣದ ದೋಣಿಗಳು, ಬಾವುಟಗಳು, ಬೆಳ್ಳಿಯಂಥ ಮೀನಿನ ರಾಶಿ. ಬಾಗಿಲಿನ ಹೊರಮುಖಕ್ಕೆ 'ಮರಳಿ ಬರುವ ಬಾಗಿಲು' ಎಂಬ ಫಲಕವಿದೆ. ದೋಣಿಯ ಅಂಚಿನಲ್ಲಿ ಕುಳಿತ ಹುಡುಗರ ಸ್ಪೀಕರಿನಿಂದ ಡ್ಯಾನ್ಸ್‌ಹಾಲ್ ಬಾಸ್ ಕಲ್ಲಿನ ಗೋಡೆಗೆ ಬಡಿದು ಒಳಗೆ, ಕತ್ತಲೆಯ ಓಣಿಯವರೆಗೂ ಬರುತ್ತಿತ್ತು. ಮಾರ್ಗದರ್ಶಿ ದನಿ ಏರಿಸಿ ಮಾತು ಮುಂದುವರಿಸಬೇಕಾಯಿತು. ಯಾರೂ ಆ ಹುಡುಗರಿಗೆ ಸುಮ್ಮನಿರಿ ಎನ್ನಲಿಲ್ಲ.

ಗುರುವಾರ, ಶುಕ್ರವಾರ, ಕುಮಾಸಿ

ಗುರುವಾರ ಪೂರ್ತಿ ಕಾರಿನಲ್ಲೇ ಹೋಯಿತು. ಒಳನಾಡಿಗೆ ಹೊರಳಿದೊಡನೆ ಕಾಡು ದಟ್ಟವಾಗುತ್ತದೆ, ರಸ್ತೆ ಬದಿಯಲ್ಲಿ ಕೋಕೋ ಬೀಜ ಒಣಹಾಕಿದ ಹುಳಿ ವಾಸನೆ. ನಮ್ಮ ಅಡಿಕೆ ತೋಟದ ನಡುವಿನ ಕೋಕೋ ಗಿಡದ ಹುಟ್ಟೂರು ಎಂದುಕೊಂಡೆ. ಭಾವ ತಿದ್ದಿದರು. ಅದೂ ದಕ್ಷಿಣ ಅಮೆರಿಕದಿಂದ ಬಂದ ಗಿಡವಂತೆ.

ಕುಮಾಸಿ ಅಶಾಂಟಿಯರ ರಾಜಧಾನಿ, ಟ್ವಿಯ ತವರು. ಕೆಜೆಟಿಯಾ ಮಾರುಕಟ್ಟೆಗೆ ಹೋಗಿ ದಾರಿ ತಪ್ಪಿದೆವು. ಎಲ್ಲರೂ ತಪ್ಪುತ್ತಾರಂತೆ, ಹಾಗಾಗಿ ಮೊದಲೇ ಒಂದು ಗುರುತಿನ ಅಂಗಡಿ ಹಿಡಿದುಕೊಳ್ಳುವುದು ವಾಸಿ. ಮಧ್ಯಾಹ್ನ ಫುಫು. ಮರಗೆಣಸು, ಬಾಳೆಕಾಯಿಗಳನ್ನು ಒನಕೆಯಲ್ಲಿ ಕುಟ್ಟಿ ಮಾಡಿದ ಮುದ್ದೆ. ಸಾರಿಗೆ ಅದ್ದಿ ಅಗಿಯದೆ ನುಂಗಬೇಕು. ಮಂಡ್ಯದವರಿಗೆ ಕಲಿಸಬೇಕಾಗಿಲ್ಲ, ಕರಾವಳಿಯವನಾದ ನಾನು ಅಗಿದು ನಗೆಪಾಟಲಾದೆ.

ಇಲ್ಲಿನ ಹುಡುಗರು 2020ರಿಂದೀಚೆಗೆ ಡ್ರಿಲ್ ಶೈಲಿಯ ರ‍್ಯಾಪ್ ಹಿಡಿದಿದ್ದಾರೆ. ಹೆಸರು ಅಸಾಕಾ. ಟ್ವಿಯಲ್ಲಿ 'ಕಾಸಾ' ಎಂದರೆ ಮಾತನಾಡು. ಅದನ್ನೇ ತಿರುಗಿಸಿ 'ಸಾಕಾ' ಮಾಡಿ ಮುಂದೊಂದು 'ಅ' ಹಚ್ಚಿದ್ದಾರೆ. ಫುಫು ಅಂಗಡಿಯ ಹುಡುಗಿಗೆ ಅಳಿಯನ ಟ್ವಿ ಕೇಳಿ ನಗು. ಅಕ್ರಾದ ಟ್ವಿ, ಅರ್ಧ ಇಂಗ್ಲಿಷ್ ಎಂದಳು. ಅವನಿಗೆ ಅವಮಾನವಾಗಿ ಎರಡನೆಯ ಮುದ್ದೆ ಬೇಡವೆಂದ.

ಶನಿವಾರ, ಹಿಂದಿರುಗುವ ದಾರಿ

ಎನ್ಕೊಕೊದ ಘಟ್ಟದ ತಿರುವುಗಳಲ್ಲಿ ಅಳಿಯ ಮುಂದಿನ ಸೀಟಿನಲ್ಲಿ ಡ್ಯಾಶ್‌ಬೋರ್ಡಿನ ಮೇಲೆ ಬೆರಳು ಕುಟ್ಟುತ್ತಿದ್ದ. ಬುಧವಾರ ನಾನು ಹೇಳಿದ ಏಳು ಹೆಸರುಗಳನ್ನು ಅವನು ಮರೆತಿರಲಿಲ್ಲ. ಕ್ವಾಸಿ ಐತ, ಕೋಜೊ ತೋಮ, ಕ್ವಾಬೆನಾ ಅಂಗಾರ, ಕ್ವಾಕು ಬೂದ ಎಂದು ಜೋಡಿ ಮಾಡಿ ಓಡಿಸುತ್ತಿದ್ದ. ಅಂಗಾರ ಎಂಬಲ್ಲಿ ನಾಲಿಗೆ ಚೆಂದಕ್ಕೆ ಬಡಿಯುತ್ತಿತ್ತು. ಯಾವ್ ಬಂದಾಗ ನಿಂತ. ಅದು ಅವನದೇ ವಾರ.

"ಯಾವ್ ಯಾವುದು ಮಾವ?" ಎಂದು ತಾನೇ ನಕ್ಕ. ನನಗೂ ತಟ್ಟನೆ ಬರಲಿಲ್ಲ.

ಹಿಂದೆ ಕಿಟಕಿಗೆ ತಲೆಯಾನಿಸಿ ಮಲಗಿದ್ದಾಳೆಂದುಕೊಂಡಿದ್ದ ಅಕ್ಕ ಕಣ್ಣು ಮುಚ್ಚಿಕೊಂಡೇ ಹೇಳಿದಳು: "ಗುರುವ."

ಅವನು ಯಾವ್ ಗುರುವ, ಕೋಫಿ ತುಕ್ರ, ಕ್ವಾಮೆ ಚನಿಯ ಎಂದು ಮುಗಿಸಿ ಮತ್ತೆ ಮೊದಲಿನಿಂದ ಹಿಡಿದ, ಈ ಸಲ ಇಮ್ಮಡಿ ವೇಗ. ಅಕ್ಕ ಎದ್ದು ಕುಳಿತಳು. ಬೈಯುತ್ತಾಳೆಂದುಕೊಂಡೆ.

"ಸ್ವಲ್ಪ ನಿಧಾನ ಹೇಳು" ಎಂದಳು. "ತೋಮ ಕೇಳಿಸಲೇ ಇಲ್ಲ."